ಗ್ಲಾಫಿರಾಳ ಕಾಗದದ ಗಂಡ

ಒದೆಸ್ಸಾದ ಸಿನಿಮಾ ಕಾರ್ಖಾನೆಯ ಉಡುಪಿನ ವಿಭಾಗದಲ್ಲಿ ಗ್ಲಾಫಿರಾ ಲುಕಿನಿಚ್ನಾಳಿಗೆ ಕೆಲಸ ಸಿಕ್ಕಿದ್ದು ಅವಳ ನೆನಪಿನ ಶಕ್ತಿಯಿಂದ. ತ್ಸಾರ್ ದೊರೆಯ ಸೈನ್ಯದಲ್ಲಿ ಲೆಫ್ಟಿನೆಂಟನ ಹೆಗಲ ಮೇಲೆ ಎಷ್ಟು ನಕ್ಷತ್ರ, ಕರ್ನಲ್‌ನ ಹೆಗಲ ಮೇಲೆ ಎಷ್ಟು ಎಂಬುದು ಹತ್ತು ವರ್ಷದ ಹಿಂದೆ ಆ ಊರಿನ ಬೀದಿ ಮಕ್ಕಳಿಗೂ ಗೊತ್ತಿತ್ತು. ೧೯೨೫ರ ಹೊತ್ತಿಗೆ ಯಾರಿಗೂ ಗೊತ್ತಿರಲಿಲ್ಲ. ಗೊತ್ತಿದ್ದವರು ಗೊತ್ತಿಲ್ಲ ಎನ್ನುವುದನ್ನು ಚೆನ್ನಾಗಿ ಕಲಿತಿದ್ದರು. ಹೊಸ ಚಿತ್ರಗಳೋ, ಕ್ರಾಂತಿಯ ವಿರುದ್ಧ ಹೋರಾಡಿ ಸೋತ ಬಿಳಿ ಸೈನ್ಯದ ಅಧಿಕಾರಿಗಳಿಲ್ಲದೆ ಒಂದು ರೀಲೂ ಮುಂದಕ್ಕೆ ಓಡುತ್ತಿರಲಿಲ್ಲ. ಕೆಂಪು ಸೈನಿಕ ಗೆಲ್ಲಬೇಕಾದರೆ ಸೋಲುವುದಕ್ಕೂ ಒಬ್ಬ ಬೇಕಲ್ಲ.

ಗ್ಲಾಫಿರಾ ಹದಿನಾಲ್ಕನೆಯ ವಯಸ್ಸಿಗೆ ಸೈನ್ಯದ ಸಮವಸ್ತ್ರ ಹೊಲಿಯುವ ಅಂಗಡಿ ಸೇರಿದವಳು. ಅಲ್ಲಿ ಹನ್ನೊಂದು ವರ್ಷ ಬೇರೇನೂ ಮಾಡದೆ ಭುಜಪಟ್ಟಿಗೆ ಜರಿ ಕೂಡಿಸಿದಳು. ಅಂತರ್ಯುದ್ಧದ ಕಾಲದಲ್ಲಿ ಊರು ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಹೋದಾಗಲೆಲ್ಲ ಅಂಗಡಿಯ ಬೋರ್ಡು ಬದಲಾಯಿತು. ಸೂಜಿ ಬದಲಾಗಲಿಲ್ಲ. ಕೊನೆಗೆ ೧೯೨೦ರ ಫೆಬ್ರವರಿಯಲ್ಲಿ ಕೆಂಪು ಸೈನ್ಯ ಬಂದು ಅಲ್ಲೇ ನಿಂತಿತು. ಅಂಗಡಿಯ ಯಜಮಾನ ಹಡಗು ಹತ್ತಿದ. ಉಳಿದ ಭುಜಪಟ್ಟಿಗಳನ್ನು ಗ್ಲಾಫಿರಾ ಒಲೆಗೆ ಹಾಕಿದಳು. ಜರಿ ಸರಿಯಾಗಿ ಉರಿಯುವುದಿಲ್ಲ ಎಂಬುದು ಅವಳಿಗೆ ಆವತ್ತು ತಿಳಿಯಿತು. ಕೋಣೆಯಲ್ಲಿ ಎರಡು ದಿನ ಅದರ ವಾಸನೆ ಹೋಗಲಿಲ್ಲ.

ಈಗ ಅಂಥವೇ ಭುಜಪಟ್ಟಿಗಳನ್ನು ಸರ್ಕಾರದ ಕೆಲಸವೆಂದು ಹೊಲಿಯಬೇಕಾಯಿತು. ಕಾರ್ಖಾನೆಯವರು ಮೊಹರು ಹಾಕಿ ಒಂದು ಪತ್ರ ಕೊಟ್ಟರು: ಈ ನಾಗರಿಕಳು ಕಲೆಯ ಉದ್ದೇಶಕ್ಕಾಗಿ ನಲವತ್ತೆರಡು ಜೊತೆ ಅಧಿಕಾರಿ ಭುಜಪಟ್ಟಿಗಳನ್ನು ಇಟ್ಟುಕೊಳ್ಳಬಹುದು. ಒಮ್ಮೆ ಟ್ರಾಮಿನಲ್ಲಿ ಪೊಲೀಸಿನವನೊಬ್ಬ ಅವಳ ಚೀಲ ಬಿಚ್ಚಿಸಿ, ಪತ್ರವನ್ನು ಎರಡು ಸಲ ಓದಿದ.

"ಇಷ್ಟು ಜನ ಅಧಿಕಾರಿಗಳು ಎಲ್ಲಿದ್ದಾರೆ?" ಎಂದು ಕೇಳಿದ.

"ಸಿನಿಮಾದಲ್ಲಿ."

"ಅಲ್ಲೇ ಇರ್ಲಿ," ಎಂದು ಚೀಲ ಕೊಟ್ಟ.

ಅವಳ ಕೋಣೆ ಮೊಲ್ದವಾಂಕಾ ಬಡಾವಣೆಯ ಹಳೆಯ ಮನೆಯೊಂದರ ಎರಡನೆಯ ಮಹಡಿಯಲ್ಲಿತ್ತು. ಆರು ಕುಟುಂಬಕ್ಕೆ ಒಂದು ಅಡುಗೆಮನೆ. ಆ ಕೋಣೆಯಲ್ಲಿ ಅವಳ ಜೊತೆ ಇದ್ದವನು ಕಾಗದದ ಪ್ರಕಾರ ಅವಳ ಗಂಡ, ಖಾರಿತೋನ್ ಬೊಂದಾರ್, ರೈತ ಮೂಲದವನು. ಕಾಗದ ಬಿಟ್ಟರೆ ಅವನು ಅವಳ ತಮ್ಮ ಮಿರೋನ್.

ಮಿರೋನ್ ಅವಳಿಗಿಂತ ಏಳು ವರ್ಷ ಚಿಕ್ಕವನು. ಅವನನ್ನು ಹೆತ್ತ ಮೂರನೆಯ ದಿನಕ್ಕೆ ತಾಯಿ ತೀರಿಕೊಂಡಿದ್ದರಿಂದ ಎತ್ತಿ ಆಡಿಸಿದ್ದು, ಅಕ್ಷರ ಕಲಿಸಿದ್ದು, ಹೇನು ತೆಗೆದಿದ್ದು ಎಲ್ಲ ಗ್ಲಾಫಿರಾಳೇ. ೧೯೧೯ರಲ್ಲಿ ಬಿಳಿ ಸೈನ್ಯದವರು ಓದು ಬರಹ ಬಲ್ಲ ಹುಡುಗರನ್ನು ಹಿಡಿದು ನಾಲ್ಕು ತಿಂಗಳ ಕವಾಯತಿನಲ್ಲಿ ಕಿರಿಯ ಅಧಿಕಾರಿ ಮಾಡುತ್ತಿದ್ದರು. ಮಿರೋನನೂ ಆದ. ಒಂದೇ ನಕ್ಷತ್ರದ ಅವನ ಭುಜಪಟ್ಟಿ ಹೊಲಿದವಳೂ ಅವಳೇ. ಆಮೇಲೆ ಎರಡೂವರೆ ವರ್ಷ ಸುದ್ದಿಯಿಲ್ಲ. ೧೯೨೨ರ ಆಗಸ್ಟಿನ ಒಂದು ಮಧ್ಯಾಹ್ನ ಬಾಗಿಲಿಗೆ ಬಂದು ನಿಂತವನ ಹತ್ತಿರ ಖಾರಿತೋನ್ ಬೊಂದಾರ್ ಎಂಬವನ ಗುರುತಿನ ಕಾಗದವಿತ್ತು. ಬಿಳಿ ಸೈನ್ಯದ ಅಧಿಕಾರಿಯಾಗಿದ್ದವನು ತನ್ನ ಹೆಸರಿನಲ್ಲಿ ಸಿಕ್ಕಿಬಿದ್ದರೆ ಜೈಲು, ಇಲ್ಲವೇ ಗುಂಡು. ಆಸ್ಪತ್ರೆಯಲ್ಲಿ ಪಕ್ಕದ ಮಂಚದಲ್ಲಿ ವಿಷಮಜ್ವರದಿಂದ ಸತ್ತವನು ಆ ಬೊಂದಾರ್. ಅವನಿಗೆ ಕಾಗದದ ಅಗತ್ಯ ಮುಗಿದಿತ್ತು.

ಊರಿನಲ್ಲಿ ಒಬ್ಬ ಗಂಡಸು ಒಂದು ಕೋಣೆಯಲ್ಲಿ ಇರಬೇಕಾದರೆ ಮನೆ ಸಮಿತಿಯ ಪುಸ್ತಕದಲ್ಲಿ ಹೆಸರು ಬರಬೇಕು. ತಮ್ಮ ಎಂದು ಬರೆಸುವಂತಿರಲಿಲ್ಲ, ಬೊಂದಾರನಿಗೆ ಅಕ್ಕ ಇರಲಿಲ್ಲ. ಅಪರಿಚಿತ ಎಂದರೆ ಸಮಿತಿ ಒಪ್ಪುವುದಿಲ್ಲ. ಗ್ಲಾಫಿರಾ ಮೂರು ದಿನ ಯೋಚಿಸಿ, ನಾಲ್ಕನೆಯ ದಿನ ಅವನಿಗೆ ಒಗೆದ ಅಂಗಿ ಹಾಕಿಸಿಕೊಂಡು ನೋಂದಣಿ ಕಚೇರಿಗೆ ಹೋದಳು. ಹೊಸ ಸರ್ಕಾರದಲ್ಲಿ ಮದುವೆಗೆ ಏಳು ನಿಮಿಷ ಸಾಕಾಗುತ್ತಿತ್ತು.

"ಸ್ವಂತ ಇಚ್ಛೆಯಿಂದಾನೇ ತಾನೇ?" ಎಂದು ಗುಮಾಸ್ತೆ ಕೇಳಿದಳು.

"ಬೇರೆ ದಾರಿ ಇಲ್ಲ," ಎಂದಳು ಗ್ಲಾಫಿರಾ.

"ಎಲ್ರೂ ಹಾಗೇ ಅಂತಾರೆ. ಇಲ್ಲಿ ಸಹಿ ಹಾಕಿ."

ಕೋಣೆಯ ನಡುವೆ ಒಂದು ದಪ್ಪ ಪರದೆ ಕಟ್ಟಿದರು. ಅಕ್ಕಪಕ್ಕದವರಿಗೆ ಪರದೆ ಕಾಣುತ್ತಿರಲಿಲ್ಲ, ಗಂಡ ಹೆಂಡತಿ ಮಾತ್ರ ಕಾಣುತ್ತಿದ್ದರು. ಪಕ್ಕದ ಕೋಣೆಯ ಫೇಯ್ಗಾ ಸಮೋಯ್ಲೊವ್ನಾ ಎಂಬ ಯೆಹೂದಿ ವಿಧವೆ ಇಡೀ ಮಹಡಿಯ ಸುದ್ದಿ ಪತ್ರಿಕೆ. ಅವಳು ಮೀನು ಉಜ್ಜುತ್ತ ಮೊದಲ ದಿನವೇ ತೀರ್ಪು ಕೊಟ್ಟಳು: "ಏಳು ವರ್ಷ ಚಿಕ್ಕೋನು. ಬುದ್ಧಿವಂತೆ ಕಣೇ ನೀನು. ನನ್ನೋನು ಹನ್ನೆರಡು ವರ್ಷ ದೊಡ್ಡೋನಾಗಿದ್ದ, ಮದುವೆ ದಿನದಿಂದ ಕೆಮ್ತಾನೇ ಇದ್ದ."

ಕಷ್ಟವಾಗಿದ್ದು ಮಿರೋನನಿಗೆ. ಹುಟ್ಟಿದಾಗಿನಿಂದ ಅಕ್ಕ ಎಂದು ಕರೆದ ಬಾಯಿ. ಒಂದು ಬೆಳಿಗ್ಗೆ ಅಡುಗೆಮನೆಯಲ್ಲಿ ತುಂಬಿದ ಜನದ ನಡುವೆ, "ಅಕ್ಕಾ, ಉಪ್ಪೆಲ್ಲಿ?" ಎಂದುಬಿಟ್ಟ.

ಫೇಯ್ಗಾ ಚಾಕು ಕೆಳಗಿಟ್ಟಳು. "ಹೆಂಡ್ತೀನ ಅಕ್ಕ ಅಂತೀಯೇನೋ?"

"ವಯಸ್ಸಿಗೆ ಮರ್ಯಾದೆ ಕೊಡ್ತಾನೆ," ಎಂದಳು ಗ್ಲಾಫಿರಾ. "ನಿಮ್ಮೋರು ಕೊಡ್ತಿರ್ಲಿಲ್ವಾ?"

ಇನ್ನೊಮ್ಮೆ ಅದೇ ಫೇಯ್ಗಾ, ನೀವಿಬ್ಬರೂ ಯಾವತ್ತೂ ಜಗಳ ಆಡುವುದೇ ಇಲ್ಲವಲ್ಲ, ಇದು ಒಳ್ಳೆಯ ಲಕ್ಷಣವಲ್ಲ ಎಂದಳು. ಅಂದಿನಿಂದ ಅಕ್ಕ ತಮ್ಮ ತಿಂಗಳಿಗೊಂದು ಶನಿವಾರ ಜಗಳ ಆಡತೊಡಗಿದರು. ಮಿರೋನ್ ಸಾಮಾನ್ಯವಾಗಿ ಸೂಪಿನ ವಿಷಯ ತೆಗೆಯುತ್ತಿದ್ದ. ನಾಲ್ಕನೆಯ ತಿಂಗಳಿನಲ್ಲಿ ಅವನು ಸೂಪಿನ ಬಗ್ಗೆ ಹೇಳಿದ್ದು ನಿಜವಾದ ಮಾತೆಂದು ಗ್ಲಾಫಿರಾಳಿಗೆ ಗೊತ್ತಾಗಿ ಎರಡು ದಿನ ಬೇಜಾರಿನಲ್ಲಿದ್ದಳು.

೧೯೨೮ರಲ್ಲಿ ಕಾರ್ಖಾನೆಗೆ ವೆಲ್ಸ್ಕಿ ಎಂಬ ಇಪ್ಪತ್ತಾರು ವರ್ಷದ ನಿರ್ದೇಶಕ ಬಂದ. ಚರ್ಮದ ಟೋಪಿ, ಸದಾ ನೆಗಡಿ. ಅವನ ಚಿತ್ರದ ಹೆಸರು 'ಅಕ್ಕನ ಸಾಕ್ಷಿ'. ಗಿರಣಿಯಲ್ಲಿ ಕೆಲಸ ಮಾಡುವ ಹೆಂಗಸೊಬ್ಬಳ ತಮ್ಮ ಬಿಳಿ ಸೈನ್ಯದ ಅಧಿಕಾರಿ. ಸೋತು ಓಡಿಬಂದವನು ಅವಳ ಅಟ್ಟದಲ್ಲಿ ಬಚ್ಚಿಟ್ಟುಕೊಳ್ಳುತ್ತಾನೆ. ಅಕ್ಕ ಒಂದು ಇಡೀ ರೀಲು ಒದ್ದಾಡಿ, ಕೊನೆಗೆ ಕೆಂಪು ಸೈನ್ಯದವರಿಗೆ ಅವನನ್ನು ಹಿಡಿದುಕೊಡುತ್ತಾಳೆ. ಗಿರಣಿಯ ಚಿಮಣಿಯ ಹಿಂದೆ ಸೂರ್ಯ ಹುಟ್ಟುತ್ತಾನೆ.

ವೆಲ್ಸ್ಕಿ ಕಥೆಯನ್ನು ಉಡುಪಿನ ವಿಭಾಗಕ್ಕೆ ಬಂದು ತಾನೇ ಓದಿ ಹೇಳಿದ. ಗ್ಲಾಫಿರಾ ಗುಂಡಿ ಹಚ್ಚುತ್ತ ಕೇಳಿದಳು.

"ಹೇಗಿದೆ, ಲುಕಿನಿಚ್ನಾ?"

"ತಮ್ಮನಿಗೆ ಎಷ್ಟು ನಕ್ಷತ್ರ?"

"ಕ್ಯಾಪ್ಟನ್ ಅವನು. ಐದಾರು ಹಾಕಿ."

"ಕ್ಯಾಪ್ಟನ್‌ಗೆ ನಕ್ಷತ್ರ ಇಲ್ಲ. ಲೆಫ್ಟಿನೆಂಟ್‌ಗೆ ಮೂರು. ಕ್ಯಾಪ್ಟನ್ ಆದ ದಿನ ಎಲ್ಲಾ ಕಿತ್ತುಹಾಕ್ತಾರೆ, ಬರೀ ಗೆರೆ ಉಳಿಯುತ್ತೆ."

"ಜನಕ್ಕೆ ಅರ್ಥ ಆಗಲ್ಲ."

"ಸೈನ್ಯದೋರಿಗೂ ಆಗ್ತಿರ್ಲಿಲ್ಲ. ಆದ್ರೂ ಹಾಗೇ ಇತ್ತು."

ವೆಲ್ಸ್ಕಿಗೆ ಸತ್ಯದ ಮೇಲೆ ಪ್ರೀತಿ, ಆದ್ದರಿಂದ ತಮ್ಮನನ್ನು ಮೂರು ನಕ್ಷತ್ರದ ಲೆಫ್ಟಿನೆಂಟ್ ಮಾಡಿದ. ಆ ಪಾತ್ರಕ್ಕೆ ಕೀವ್‌ನಿಂದ ಬಂದ ನಟನ ಮುಖ ಬಹಳ ಚೆನ್ನಾಗಿತ್ತು, ಆದರೆ ಸೊಂಟಕ್ಕೆ ಕತ್ತಿ ಕಟ್ಟಿದರೆ ಬಾಗಿಲಲ್ಲಿ ಸಿಕ್ಕಿಕೊಳ್ಳುತ್ತಿದ್ದ. ಬೆನ್ನು, ನಡಿಗೆ, ಕುದುರೆ ಏರುವುದು, ಇವಕ್ಕೆ ಬೇರೊಬ್ಬ ಬೇಕಾಯಿತು. ಒಂದು ಮಧ್ಯಾಹ್ನ ಅಕ್ಕನಿಗೆ ಊಟದ ಡಬ್ಬಿ ಕೊಡಲು ಬಂದ ಮಿರೋನನ ಬೆನ್ನನ್ನು ವೆಲ್ಸ್ಕಿ ನೋಡಿದ. ಅಂಗಳ ದಾಟಿ ಗೇಟಿನವರೆಗೂ ಹಿಂದೆಯೇ ಹೋಗಿ ನೋಡಿದ.

"ನಿಮ್ಮ ಗಂಡನ ಬೆನ್ನು ಸಮಾಜವಾದಕ್ಕೆ ಬೇಕು," ಎಂದು ಗ್ಲಾಫಿರಾಳಿಗೆ ಹೇಳಿದ.

ಬೇಡ ಎನ್ನಲು ಗ್ಲಾಫಿರಾಳಿಗೆ ಕಾರಣ ಸಿಗಲಿಲ್ಲ. ಇದ್ದ ಒಂದು ಕಾರಣ ಹೇಳುವಂಥದ್ದಲ್ಲ. ಮಿರೋನನಂತೂ ಖುಷಿಯಾಗಿಯೇ ಒಪ್ಪಿದ. ಬಂದರಿನ ಉಗ್ರಾಣದಲ್ಲಿ ಮೂಟೆ ಎಣಿಸಿ ಅವನಿಗೆ ಬೇಸರ ಬಂದಿತ್ತು. ಹೀಗೆ ಒಂಬತ್ತು ವರ್ಷದ ಮೇಲೆ ಅವಳು ಎರಡನೆಯ ಸಲ ತಮ್ಮನ ಹೆಗಲಿಗೆ ಭುಜಪಟ್ಟಿ ಕೂಡಿಸಿದಳು. ಅವನಿಗೆ ಎರಡು ನಕ್ಷತ್ರ ಬಡ್ತಿ ಬಂದಿತ್ತು.

ಚಿತ್ರೀಕರಣದ ಐದನೆಯ ದಿನ ಸಾಮಾನು ವಿಭಾಗದ ಯೆಗೋರ್ ಕಪುಸ್ತಿನ್, ತಮಾಷೆಗೆ, ಹಿಂದಿನಿಂದ ಗಟ್ಟಿ ದನಿಯಲ್ಲಿ ಕೂಗಿದ: "ಜನರಲ್ ಸಾಹೇಬ್ರು!"

ಅಲ್ಲಿ ಅಧಿಕಾರಿಯ ಉಡುಪಿನಲ್ಲಿ ಮೂವತ್ತು ಜನರಿದ್ದರು, ಹೆಚ್ಚಿನವರು ಹಡಗುಕಟ್ಟೆಯ ಕೂಲಿಗಳು. ಇಪ್ಪತ್ತೊಂಬತ್ತು ಜನ ಎಲ್ಲಿ ಎಲ್ಲಿ ಎಂದು ತಿರುಗಿ ನೋಡಿದರು. ಮಿರೋನ್ ಮಾತ್ರ ತಿರುಗುವ ಮೊದಲೇ ಹಿಮ್ಮಡಿ ಜೋಡಿಸಿದ್ದ, ಕೈ ಟೋಪಿಯ ಅಂಚಿಗೆ ಹೋಗಿತ್ತು. ಎಲ್ಲರೂ ನಕ್ಕರು. ಅವನೂ ನಕ್ಕು ಕೈ ಇಳಿಸಿದ. ಕಪುಸ್ತಿನ್ ನಗಲಿಲ್ಲ. ಹಳೆಯ ಸೈನ್ಯದಲ್ಲಿ ಅವನು ಸಾಮಾನ್ಯ ಸಿಪಾಯಿಯಾಗಿದ್ದಾಗ ಒಬ್ಬ ಎಳೆಯ ಅಧಿಕಾರಿ ಅವನ ಎಡಗೆನ್ನೆಗೆ ಹೊಡೆದಿದ್ದ. ಅಂದಿನಿಂದ ಆ ಕಿವಿ ಕೇಳುತ್ತಿರಲಿಲ್ಲ. ಅಂಥ ಕೈ ಹೇಗೆ ಏಳುತ್ತದೆ ಎಂಬುದು ಅವನಿಗೆ ಗೊತ್ತಿತ್ತು.

ಚಿತ್ರ ಮುಗಿದು ಪರಿಶೀಲನಾ ಮಂಡಳಿಗೆ ಹೋಯಿತು. ಕೊನೆಯಲ್ಲಿ ಅಕ್ಕ ಅಳುತ್ತಾಳೆ. ವರ್ಗಶತ್ರುವಿಗಾಗಿ ಅಳುವುದು ತಪ್ಪು ಎಂದು ವಾಪಸು ಕಳಿಸಿದರು. ವೆಲ್ಸ್ಕಿ ನಟಿಯನ್ನು ನಗಿಸಿ ಮತ್ತೆ ತೆಗೆದ. ಕಾರ್ಮಿಕರ ಕ್ಲಬ್ಬಿನಲ್ಲಿ ಅದನ್ನು ತೋರಿಸಿದಾಗ ಮುಂದಿನ ಸಾಲಿನ ಹೆಂಗಸರು ಹೆದರಿ ಮಕ್ಕಳ ಕಣ್ಣು ಮುಚ್ಚಿದರು. ಅದೂ ಬಿದ್ದುಹೋಯಿತು. ವೆಲ್ಸ್ಕಿ ಉಡುಪಿನ ವಿಭಾಗಕ್ಕೆ ಬಂದು ಬಟ್ಟೆಯ ರಾಶಿಯ ಮೇಲೆ ಕುಳಿತ.

"ಅಳೋ ಹಾಗಿಲ್ಲ, ನಗೋ ಹಾಗಿಲ್ಲ. ತಮ್ಮನ್ನ ಹಿಡಿದುಕೊಟ್ಟು ಮನೇಗೆ ಬಂದ ಹೆಂಗಸು ಏನು ಮಾಡ್ತಾಳೆ, ಲುಕಿನಿಚ್ನಾ?"

ಗ್ಲಾಫಿರಾ ದಾರ ಹಲ್ಲಿನಿಂದ ಕಚ್ಚಿ ತುಂಡು ಮಾಡಿದಳು. ಈ ಪ್ರಶ್ನೆಯನ್ನು ಅವಳು ಈ ಮೊದಲೇ ತನಗೆ ತಾನೇ ಕೇಳಿಕೊಂಡಿದ್ದಳು ಎಂದು ವೆಲ್ಸ್ಕಿಗೆ ಗೊತ್ತಿರಲಿಲ್ಲ.

"ಅವನ ಕೋಟು ಅಲ್ಲೇ ಬಿದ್ದಿರುತ್ತಲ್ಲ," ಎಂದಳು. "ಗುಂಡಿ ಸಡಿಲ ಆಗಿದ್ರೆ ಹಾಕ್ತಾಳೆ."

"ಯಾಕೆ?"

"ಸಡಿಲ ಆಗಿದೆಯಲ್ಲ."

ವೆಲ್ಸ್ಕಿ ಮುಖವನ್ನು ಬಿಟ್ಟು ಬರೀ ಕೈಗಳನ್ನು ಚಿತ್ರೀಕರಿಸಿದ. ನಟಿಗೆ ಹೊಲಿಯಲು ಬರುತ್ತಿರಲಿಲ್ಲ, ಆದ್ದರಿಂದ ಪರದೆಯ ಮೇಲೆ ಕಾಣುವ ಕೈಗಳು ಗ್ಲಾಫಿರಾಳವು. ಮಂಡಳಿಯವರು, ಶತ್ರುವಿನ ಕೋಟಿಗೆ ಗುಂಡಿ ಯಾಕೆ ಎಂದು ಕೇಳಿದರು. ಆಗ ನಡುವೆ ಒಂದು ಬರಹದ ಫಲಕ ಸೇರಿಸಿದರು: 'ಕೋಟು ಇನ್ನು ಜನರ ಸ್ವತ್ತು.' ಮಂಡಳಿ ಒಪ್ಪಿತು.

ಆ ಫಲಕ ಬರೆದವಳು ತೋನ್ಯಾ. ಮೂಕಿ ಚಿತ್ರಗಳಿಗೆ ಕಪ್ಪು ಹಲಗೆಯ ಮೇಲೆ ಬಿಳಿ ಅಕ್ಷರ ಬರೆಯುವುದು ಅವಳ ಕೆಲಸ. ಇಪ್ಪತ್ತೆರಡು ವರ್ಷ, ಪಕ್ಷದ ಯುವಸಂಘದ ಸದಸ್ಯೆ, ಕುತ್ತಿಗೆಯವರೆಗೆ ಕತ್ತರಿಸಿದ ಕೂದಲು, ಬೆರಳಿಗೆ ಸದಾ ಸುಣ್ಣದ ಬಣ್ಣ. ಮೊದಲ ಪ್ರದರ್ಶನದಲ್ಲಿ ಅವಳು ಮಿರೋನನ ಪಕ್ಕ ಕುಳಿತಿದ್ದಳು. ಗ್ಲಾಫಿರಾ ಎರಡು ಸಾಲು ಹಿಂದೆ. ತೆರೆಯ ಮೇಲೆ ತನ್ನ ತಮ್ಮನ ಬೆನ್ನನ್ನು ಇಬ್ಬರು ಸೈನಿಕರು ಹೊಲದ ದಾರಿಯಲ್ಲಿ ಕರೆದುಕೊಂಡು ಹೋಗುವುದನ್ನು ಅವಳು ನೋಡಿದಳು. ಆಮೇಲೆ ತನ್ನದೇ ಕೈ ಬಂದು ಗುಂಡಿ ಹಚ್ಚಿತು. ಫಲಕವಿದ್ದರೂ ಜನ ಅತ್ತರು. ಗ್ಲಾಫಿರಾ ಅಳಲಿಲ್ಲ. ಎರಡು ಸಾಲು ಮುಂದೆ ಮಿರೋನನ ಕೈ ತೋನ್ಯಾಳ ಕೈಯ ಮೇಲೆ ಇತ್ತು, ಗ್ಲಾಫಿರಾ ಅದನ್ನು ನೋಡುತ್ತಿದ್ದಳು.

ಅವಳಿಗೆ ಬೇಸರವಾಗಲಿಲ್ಲ. ಇಪ್ಪತ್ತೇಳರ ತಮ್ಮ ಪರದೆಯ ಆಚೆ ಒಬ್ಬನೇ ಮಲಗುವುದನ್ನು ಆರು ವರ್ಷ ನೋಡಿದ್ದಳು. ಇನ್ನೊಂದೆರಡು ತಿಂಗಳಿನಲ್ಲಿ ಸದ್ದಿಲ್ಲದೆ ವಿಚ್ಛೇದನ ಕೊಟ್ಟುಬಿಟ್ಟರಾಯಿತು ಎಂದುಕೊಂಡಳು. ಆದರೆ ಮಿರೋನನಿಗೆ ಸದ್ದಿಲ್ಲದ ಕೆಲಸ ಯಾವುದೂ ಬೇಕಿರಲಿಲ್ಲ. ತೋನ್ಯಾಳ ಜೊತೆ ಸಭೆಗಳಿಗೆ ಹೋಗಿ, ಪತ್ರಿಕೆ ಓದಿ, ಅವನು ನಿಜಕ್ಕೂ ಹೊಸ ಕಾಲವನ್ನು ನಂಬತೊಡಗಿದ್ದ. ೧೯೩೦ರ ವಸಂತದಲ್ಲಿ ಕಾರ್ಖಾನೆಗೆ, ಕ್ರಾಂತಿಯ ಶತ್ರುಗಳನ್ನು ಹೆಕ್ಕಿ ತೆಗೆಯುವ ಶುದ್ಧೀಕರಣ ಸಮಿತಿ ಬರುತ್ತದೆ, ಪ್ರತಿಯೊಬ್ಬ ನೌಕರನೂ ಎಲ್ಲರ ಮುಂದೆ ನಿಂತು ತನ್ನ ಹಿಂದಿನದಕ್ಕೆ ಉತ್ತರ ಹೇಳಬೇಕು ಎಂಬ ಸುದ್ದಿ ಬಂತು. ಮಿರೋನನೂ ಆಗ ಕಾರ್ಖಾನೆಯ ಬೆಳಕಿನ ವಿಭಾಗದಲ್ಲಿ ಕಾಯಂ ನೌಕರ.

"ನಾನೇ ಎದ್ದು ಹೇಳ್ಬಿಡ್ತೀನಿ ಅಕ್ಕ," ಎಂದ ಅವನು, ಪರದೆಯ ಆ ಕಡೆಯಿಂದ ತಗ್ಗಿದ ದನಿಯಲ್ಲಿ. "ಪ್ರಾಮಾಣಿಕವಾಗಿ ಹೇಳಿದ್ರೆ ಅರ್ಥ ಮಾಡ್ಕೊಳ್ತಾರೆ. ಹದಿನೆಂಟು ವರ್ಷದ ಹುಡುಗನ್ನ ಹಿಡ್ಕೊಂಡ್ಹೋದ್ರು ಅಂತ."

"ಬೊಂದಾರ್ ಏನು ತಪ್ಪು ಮಾಡಿದ್ದ?"

"ಯಾವ ಬೊಂದಾರ್?"

"ಕಾಗದ ಕೊಟ್ಟೋನು. ಪಾಪ, ಸತ್ತ. ಅವನ ಹೆಸರಿಗೆ ಯಾಕೆ ಮಸಿ ಬಳೀತೀಯ?"

ಗ್ಲಾಫಿರಾ ಮುಂದುವರಿಸಿದಳು. "ಇನ್ನೊಂದು. ನೀನು ನೀನೇ ಅಂತ ಆದ್ರೆ, ನಾನು ಒಡಹುಟ್ಟಿದ ತಮ್ಮನ್ನ ಮದುವೆ ಆದೋಳು ಅಂತಾಗುತ್ತೆ. ಅದಕ್ಕೆ ಯಾವ ಸಮಿತಿ ಬರುತ್ತೋ ನಂಗೊತ್ತಿಲ್ಲ. ಮಲಕ್ಕೋ."

"ನಂಗೆ ಸುಳ್ಳು ಸಾಕಾಗಿದೆ ಅಕ್ಕ."

"ನಿಂಗೆ ಸಾಕಾದ್ರೆ ನಂಗೆ ಕೊಡು. ನಾನು ಇಟ್ಕೋತೀನಿ."

ಸಭೆ ಏಪ್ರಿಲ್‌ನಲ್ಲಿ, ಕಾರ್ಖಾನೆಯ ದೊಡ್ಡ ಶೆಡ್ಡಿನಲ್ಲಿ ನಡೆಯಿತು. ಹಿಂದಿನ ವಾರದ ಚಿತ್ರದ ಅರಮನೆಯ ಕಂಬಗಳನ್ನು ಇನ್ನೂ ತೆಗೆದಿರಲಿಲ್ಲ, ಸಮಿತಿಯ ಮೂವರು ಅವುಗಳ ನಡುವೆ ಮೇಜು ಹಾಕಿಕೊಂಡು ಕುಳಿತರು. ಅಧ್ಯಕ್ಷೆ ಕಾಮ್ರೇಡ್ ಸೀರಿಕ್, ಹಗ್ಗದ ಕಾರ್ಖಾನೆಯಿಂದ ಬಂದ ಐವತ್ತರ ಹೆಂಗಸು, ನಗದ ಮುಖ. ಮಿರೋನನ ಸರದಿ ಬಂದಾಗ ಕಪುಸ್ತಿನ್ ಎದ್ದು, ಎರಡು ವರ್ಷದ ಹಿಂದಿನ ಸೆಲ್ಯೂಟಿನ ವಿಷಯ ಹೇಳಿದ. ಜಾಸ್ತಿ ಹೇಳಲಿಲ್ಲ, ಕಡಿಮೆಯೂ ಹೇಳಲಿಲ್ಲ. ರೈತನ ಕೈ ಹಾಗೆ ಏಳುವುದಿಲ್ಲ ಎಂದು ಕುಳಿತುಕೊಂಡ.

ಮಿರೋನ್ ಬಾಯಿ ತೆರೆಯುವ ಮೊದಲೇ ಹಿಂದಿನಿಂದ ಗ್ಲಾಫಿರಾ, "ಅದು ನನ್ನ ತಪ್ಪು," ಎಂದಳು.

ಅವಳನ್ನು ಮುಂದೆ ಕರೆದರು.

"ಹೇಗೆ ನಿಮ್ಮ ತಪ್ಪು?" ಎಂದು ಸೀರಿಕ್ ಕೇಳಿದಳು.

"ನಾನು ಕಲಿಸಿದ್ದು. ಹನ್ನೊಂದು ವರ್ಷ ಅಧಿಕಾರಿಗಳಿಗೆ ಬಟ್ಟೆ ಹೊಲ್ದಿದ್ದೀನಿ. ಅಂಗಡಿ ಕನ್ನಡಿ ಮುಂದೆ ಒಬ್ಬೊಬ್ರೂ ಹೊಸ ಬಟ್ಟೆ ಹಾಕ್ಕೊಂಡು ಮೊದಲು ಮಾಡ್ತಿದ್ದಿದ್ದು ಅದೇ. ಇವನಿಗೆ ಸಿನಿಮಾದಲ್ಲಿ ಬೇಕಾಯ್ತು, ಹೇಳ್ಕೊಟ್ಟೆ."

ಸೀರಿಕ್ ಎದುರಿಗಿದ್ದ ಕಾಗದ ತಿರುಗಿಸಿದಳು. ಆ ಕಾಗದ ಬರೆದವರು ಹೆಸರು ಹಾಕಿರಲಿಲ್ಲ. "ನಿಮ್ಮ ಗಂಡ ಇದೇ ಕಾರ್ಖಾನೆಯ ಇನ್ನೊಬ್ಬಳ ಜೊತೆ ಓಡಾಡ್ತಾನೆ ಅಂತ ಇಲ್ಲಿ ಬರೆದಿದೆ. ಗೊತ್ತಾ ನಿಮಗೆ?"

"ಗೊತ್ತು."

"ಎಷ್ಟು ದಿನದಿಂದ?"

"ಒಂದೂವರೆ ವರ್ಷ ಆಯ್ತು."

ಎರಡನೆಯ ಸಾಲಿನಲ್ಲಿ ತೋನ್ಯಾ ತಲೆ ಎತ್ತಲಿಲ್ಲ.

"ಆದ್ರೂ ಅವನ್ನ ಕಾಪಾಡ್ತಿದ್ದೀರಿ."

"ಕಾಪಾಡ್ತಿಲ್ಲ, ಕಾಮ್ರೇಡ್. ಸೆಲ್ಯೂಟಿನ ವಿಷಯ ಕೇಳಿದ್ರಿ, ಹೇಳ್ದೆ. ಇನ್ನೊಂದು ವಿಷಯಕ್ಕೆ ಬೈಯೋದಿದ್ರೆ ಮನೇಲಿ ಬೈತೀನಿ."

ಸೀರಿಕ್ ಆ ಕಾಗದವನ್ನು ಪಕ್ಕಕ್ಕಿಟ್ಟಳು. "ಆ ಸೆಲ್ಯೂಟ್ ತೋರ್ಸಿ ನೋಡೋಣ."

"ಟೋಪಿ ಕೊಡಿ. ಬರೀ ತಲೇಲಿ ಮಾಡೋ ಹಾಗಿಲ್ಲ."

ಯಾರೋ ಟೋಪಿ ಕೊಟ್ಟರು. ಮೂವತ್ತಾರು ವರ್ಷದ, ಗಿಡ್ಡ, ಕುತ್ತಿಗೆಗೆ ಅಳತೆಪಟ್ಟಿ ನೇತುಹಾಕಿಕೊಂಡಿದ್ದ ಗ್ಲಾಫಿರಾ ಅದನ್ನು ಹಾಕಿಕೊಂಡು ಪ್ಲೈವುಡ್ ಕಂಬಗಳ ನಡುವೆ ನಿಂತಳು. ಮೊದಲು, ಹೊಸದಾಗಿ ಒಂದು ನಕ್ಷತ್ರ ಸಿಕ್ಕ ಹುಡುಗ. ಕೈ ನಡುಗುತ್ತದೆ, ಟೋಪಿಗೆ ತಾಕುತ್ತದೆ. ಆಮೇಲೆ ಕ್ಯಾಪ್ಟನ್, ಹತ್ತು ವರ್ಷದಿಂದ ಬಡ್ತಿ ಸಿಗದವನು, ಮೊಣಕೈ ಅಷ್ಟೇ ಏಳುತ್ತದೆ. ಊಟವಾದ ಮೇಲಿನ ಕರ್ನಲ್. ಕೊನೆಗೆ ಜನರಲ್. ಅವನು ಕೈ ಎತ್ತುವುದೇ ಇಲ್ಲ, ಎರಡು ಬೆರಳನ್ನು ನೊಣ ಓಡಿಸುವ ಹಾಗೆ ಆಡಿಸುತ್ತಾನೆ. ಮೂರನೆಯವನಿಗೆ ಶೆಡ್ಡು ನಗತೊಡಗಿತು, ನಾಲ್ಕನೆಯವನಿಗೆ ಸಮಿತಿಯ ಇಬ್ಬರು ಸದಸ್ಯರೂ ನಕ್ಕರು. ಗ್ಲಾಫಿರಾ ನಗಲಿಲ್ಲ. ಅವಳ ಬೆನ್ನು ಬೆವರಿನಲ್ಲಿ ನೆನೆದಿತ್ತು.

"ಇಷ್ಟು ಕಲಿಯೋಕೆ ಅವನಿಗೆ ಎರಡು ವಾರ ಬೇಕಾಯ್ತು," ಎಂದು ಟೋಪಿ ವಾಪಸು ಕೊಟ್ಟಳು. "ದಡ್ಡ."

ಸೀರಿಕ್ ಪಕ್ಕದವರೊಡನೆ ಮಾತನಾಡಿ, ಗಟ್ಟಿಯಾಗಿ ಹೇಳಿದಳು: "ಮೋಸ ಹೋದ ಹೆಂಡ್ತಿಗೆ ಗಂಡನ ಪರವಾಗಿ ಸುಳ್ಳು ಹೇಳೋ ಕಾರಣ ಇಲ್ಲ. ನಾನೂ ಹೆಂಡ್ತಿ ಆಗಿದ್ದೋಳೇ. ಮುಂದಿನವರು ಬನ್ನಿ."

ಮಿರೋನನನ್ನು ಉಳಿಸಿಕೊಂಡರು. ಗ್ಲಾಫಿರಾಳ ಹೆಸರಿನ ಮುಂದೆ ಎರಡು ಸಾಲು ಬರೆದರು. ಒಂದು, ಸೈನಿಕ ವಿಷಯಗಳಿಗೆ ಕಾರ್ಖಾನೆಯ ಸಲಹೆಗಾರಳಾಗಿಯೂ ನೇಮಿಸತಕ್ಕದ್ದು. ಎರಡು, ಗಂಡನ ವಿಷಯದಲ್ಲಿ ಹಳೆಯ ಕಾಲದ ಭಾವನೆಗಳು ಉಳಿದಿವೆ, ಮಹಿಳಾ ತರಗತಿಗೆ ಸೇರತಕ್ಕದ್ದು. ಮುಂದಿನ ಚಳಿಗಾಲ ಪೂರ್ತಿ ಪ್ರತಿ ಗುರುವಾರ ಸಂಜೆ ಅವಳು ಬೆಂಚಿನ ಮೇಲೆ ಕುಳಿತು, ಹೆಣ್ಣು ಗಂಡಿನ ನೆರಳಲ್ಲ ಎಂಬ ವಿಷಯವನ್ನು ಕೇಳಿ ಬರೆದುಕೊಂಡಳು. ಅಕ್ಷರ ದುಂಡಗಿವೆ ಎಂದು ಅವಳಿಗೆ ಪ್ರಶಂಸೆಯೂ ಸಿಕ್ಕಿತು.

ಸಭೆಯ ಮರುದಿನ ಕಪುಸ್ತಿನ್ ಒಂದು ಹರಿದ ಕುರ್ಚಿಯ ಹೊದಿಕೆ ತೆಗೆದುಕೊಂಡು ಹೊಲಿಸಲು ಬಂದ. ಹೊಲಿಯುವವರೆಗೂ ನಿಂತಿದ್ದ.

"ನಿನ್ನ ಸೆಲ್ಯೂಟ್ ಚೆನ್ನಾಗಿತ್ತು, ಲುಕಿನಿಚ್ನಾ," ಎಂದ. "ಅವನದ್ದು ಇನ್ನೂ ಚೆನ್ನಾಗಿದೆ."

"ಗಂಡಸರ ತೋಳು ಉದ್ದ, ಯೆಗೋರ್."

ಅವನು ಕೇಳುವ ಕಿವಿಯನ್ನು ಅವಳ ಕಡೆ ತಿರುಗಿಸಿದ್ದ. "ನಂಗೆ ಹೊಡೆದೋನು ಇವನಲ್ಲ," ಎಂದ. "ಅವನಿಗೆ ಮೀಸೆ ಇತ್ತು." ಹೊದಿಕೆ ಮಡಚಿಕೊಂಡು ಹೋದ. ಅದಾದ ಮೇಲೆ ಆ ಮಾತು ಮತ್ತೆ ಬರಲಿಲ್ಲ.

ಆದರೆ ಇನ್ನೊಮ್ಮೆ ಯಾರಾದರೂ ಎದ್ದರೆ ಎಂಬ ಭಯ ಇದ್ದೇ ಇತ್ತು. ಮಿರೋನ್ ತೋನ್ಯಾಳನ್ನು ಮದುವೆಯಾಗಿ ದೂರ ಹೋಗಬೇಕೆಂದು ಗ್ಲಾಫಿರಾ ತೀರ್ಮಾನ ಮಾಡಿದಳು. ತೋನ್ಯಾಳಿಗೆ ನಿಜ ಹೇಳಬಾರದು ಎಂದೂ ಅವನಿಂದ ಆಣೆ ಮಾಡಿಸಿಕೊಂಡಳು. "ಅವಳು ಯುವಸಂಘದೋಳು. ಗೊತ್ತಿದ್ರೆ ಹೇಳ್ಬೇಕೋ ಬೇಡ್ವೋ ಅಂತ ದಿನಾ ಒದ್ದಾಡ್ಬೇಕು. ಆ ಕಷ್ಟ ಅವಳಿಗೆ ಯಾಕೆ?"

ಆ ಕಾಲದಲ್ಲಿ ವಿಚ್ಛೇದನಕ್ಕೆ ಒಬ್ಬರು ಹೋದರೆ ಸಾಕು, ಇನ್ನೊಬ್ಬರಿಗೆ ಕಚೇರಿಯವರು ಪೋಸ್ಟ್‌ಕಾರ್ಡ್ ಹಾಕುತ್ತಿದ್ದರು. ಗ್ಲಾಫಿರಾ ಹೋಗಿ ಬಂದಳು. ಕಾರ್ಡು ಬಂದ ದಿನ ಅದು ಮೊದಲು ಸಿಕ್ಕಿದ್ದು ಫೇಯ್ಗಾ ಸಮೋಯ್ಲೊವ್ನಾಳ ಕೈಗೆ. ಅವಳು ಅದನ್ನು ಅಡುಗೆಮನೆಯಲ್ಲಿ ಎಲ್ಲರಿಗೂ ಓದಿ, ಆಮೇಲೆ ಮಿರೋನನಿಗೆ ಕೊಟ್ಟಳು.

"ತಗೋ. ಸಂತೋಷ ಆಯ್ತಾ? ಸಮಿತಿ ಮುಂದೆ ನಿನ್ನ ಜೀವ ಉಳಿಸಿದೋಳಿಗೆ ಇದಾ ಉಡುಗೊರೆ?"

ಆಮೇಲೆ ಹದಿನೈದು ದಿನ ಆ ಮಹಡಿಯಲ್ಲಿ ಅವನೊಡನೆ ಯಾರೂ ಮಾತನಾಡಲಿಲ್ಲ. ಅವನ ಸೀಮೆಎಣ್ಣೆ ಒಲೆಯ ಪಿನ್ನು ಕಳೆದುಹೋಯಿತು. ಟೀ ನೀರಿಗೆ ಉಪ್ಪು ಬಿತ್ತು. ಗ್ಲಾಫಿರಾಳಿಗೆ ಮಾತ್ರ ಉಳಿದ ಐದು ಒಲೆಗಳಿಂದ ಬದನೆಕಾಯಿ ಪಲ್ಯ, ಚೆರ್ರಿ ಮುರಬ್ಬ, ಹುರಿದ ಮೀನು ಬಂದವು. ಅವಳು ತಿನ್ನಲೇಬೇಕಾಯಿತು, ಅದೂ ದುಃಖದ ಮುಖದಲ್ಲಿ. ಮುಖ ಹಾಗೆ ಇಟ್ಟುಕೊಳ್ಳುವುದು ಅಷ್ಟೇನೂ ಕಷ್ಟವಾಗಲಿಲ್ಲ. ತೋನ್ಯಾಳನ್ನು ಮದುವೆಯಾಗಿ ಅವನು ಊರು ಬಿಟ್ಟ ಬೆಳಿಗ್ಗೆ ಹಡಗುಕಟ್ಟೆಯಲ್ಲಿ ಅವನನ್ನು ಬೀಳ್ಕೊಡಲು ಹೋಗುವಂತೆಯೂ ಇರಲಿಲ್ಲ, ಬಿಟ್ಟುಹೋದ ಗಂಡನನ್ನು ಯಾರು ಬೀಳ್ಕೊಡುತ್ತಾರೆ? ಅವನ ಎರಡು ಅಂಗಿಗಳಿಗೆ ಕಾಲರು ತಿರುಗಿಸಿ ಹೊಲಿದು ಕೊಟ್ಟು, ಆವತ್ತು ಎಂದಿನಂತೆ ಟ್ರಾಮ್ ಹತ್ತಿ ಕೆಲಸಕ್ಕೆ ಹೋದಳು.

ಅವರು ಮಾರಿಯುಪೋಲ್‌ನಲ್ಲಿ ನೆಲೆಸಿದರು. ವರ್ಷಕ್ಕೊಂದು ಕಾಗದ ತೋನ್ಯಾಳಿಂದ ಬರುತ್ತಿತ್ತು, ಅವಳ ಆ ಫಲಕದ ಅಕ್ಷರಗಳಲ್ಲಿ. ಪ್ರತಿಯೊಂದರಲ್ಲೂ ಕ್ಷಮೆ. ಗ್ಲಾಫಿರಾ ಪ್ರತಿ ಸಲವೂ, ಏನೂ ಪರವಾಗಿಲ್ಲ, ಮಗುವಿಗೆ ಉಣ್ಣೆ ಟೋಪಿ ಕಳಿಸಿದ್ದೇನೆ ಎಂದು ಬರೆಯುತ್ತಿದ್ದಳು. ಅವಳ ಈ ದೊಡ್ಡಗುಣ ತೋನ್ಯಾಳನ್ನು ಇನ್ನಷ್ಟು ಕುಗ್ಗಿಸುತ್ತಿತ್ತು.

ಯುದ್ಧ ಬಂತು. ಕಾರ್ಖಾನೆಯ ಜೊತೆ ಗ್ಲಾಫಿರಾಳನ್ನೂ ತಾಷ್ಕೆಂಟಿಗೆ ಸಾಗಿಸಿದರು. ೧೯೪೩ರಲ್ಲಿ ಕೆಂಪು ಸೈನ್ಯಕ್ಕೇ ಭುಜಪಟ್ಟಿ ಬರಬೇಕೆಂದು ಆಜ್ಞೆಯಾಯಿತು. ಹೊಲಿಯಲು ಬಲ್ಲವರು ಯಾರಿದ್ದೀರಿ ಎಂದು ಕೇಳಿದಾಗ ಅವಳು ಕೈ ಎತ್ತಿದಳು. ಮಿರೋನ್ ಅದೇ ಭುಜಪಟ್ಟಿಯಲ್ಲಿ, ಸಾರ್ಜೆಂಟ್ ಬೊಂದಾರ್ ಎಂಬ ಹೆಸರಿನಲ್ಲಿ, ದ್ನೀಪರ್ ನದಿ ದಾಟುವಾಗ ಸತ್ತ. ಸಾವಿನ ಕಾಗದ ತೋನ್ಯಾಳಿಗೆ ಹೋಯಿತು. ಗ್ಲಾಫಿರಾ ಅವನಿಗೆ ಸರ್ಕಾರದ ಲೆಕ್ಕದಲ್ಲಿ ಏನೂ ಆಗಿರಲಿಲ್ಲ. ಅವಳಿಗೆ ವಿಷಯ ತಿಳಿಯಲು ಐದು ತಿಂಗಳು ಬೇಕಾಯಿತು. ತಿಳಿದ ದಿನವೂ ಪಾಳಿ ಮುಗಿಸಿದಳು. ಆಮೇಲೆ ಬೆರಳುಗಳು ಮಡಚಿದಲ್ಲೇ ನಿಂತು, ಬೆಳಗಿನವರೆಗೂ ಬಿಚ್ಚಲಿಲ್ಲ.

ಒದೆಸ್ಸಾಕ್ಕೆ ಹಿಂತಿರುಗಿದಾಗ ಫೇಯ್ಗಾ ಸಮೋಯ್ಲೊವ್ನಾಳ ಕೋಣೆಯಲ್ಲಿ ಬೇರೆ ಯಾರೋ ಇದ್ದರು. ಅವಳೆಲ್ಲಿ ಎಂದು ಗ್ಲಾಫಿರಾ ಕೇಳಲಿಲ್ಲ. ಶತ್ರು ಸೈನ್ಯ ಊರು ಹಿಡಿದಿದ್ದಾಗ ಅಲ್ಲಿನ ಯೆಹೂದಿಗಳು ಎಲ್ಲಿಗೆ ಹೋದರೆಂಬುದು ಎಲ್ಲರಿಗೂ ಗೊತ್ತಿತ್ತು.

೧೯೪೬ರಲ್ಲಿ ತೋನ್ಯಾ ಮಗಳು ನೀನೆಲಳನ್ನು ಕರೆದುಕೊಂಡು ಬಂದಳು. ಮಾರಿಯುಪೋಲ್‌ನ ಮನೆ ಸುಟ್ಟುಹೋಗಿತ್ತು. ಒಬ್ಬನೇ ಗಂಡಸಿನ ಇಬ್ಬರು ವಿಧವೆಯರು ಒಂದೇ ಕೋಣೆಯಲ್ಲಿ ಎಂದು ಅಡುಗೆಮನೆ ಮಾತಾಡಿಕೊಂಡಿತು. ಹುಡುಗಿ ಗ್ಲಾಫಿರಾಳನ್ನು ದೊಡ್ಡಮ್ಮ ಎಂದು ಕರೆಯುತ್ತಿದ್ದಳು. ತೋನ್ಯಾ ಏಳು ವರ್ಷ ಅವಳ ಮುಂದೆ ಗಟ್ಟಿಯಾಗಿ ನಗಲಿಲ್ಲ, ಮೀನಿನ ದಪ್ಪ ಭಾಗ ಅವಳ ತಟ್ಟೆಗೇ ಹಾಕುತ್ತಿದ್ದಳು, ಕಿಟಕಿಯ ಹತ್ತಿರದ ಮಂಚ ಬೇಡವೆನ್ನುತ್ತಿದ್ದಳು.

೧೯೫೩ರ ಬೇಸಿಗೆಯಲ್ಲಿ, ದೇಶ ಆಳುತ್ತಿದ್ದವನು ಸತ್ತು ಹಳೆಯ ಭಯ ಸ್ವಲ್ಪ ಸಡಿಲವಾದಾಗ, ಇಬ್ಬರೂ ಬಾಲ್ಕನಿಯಲ್ಲಿ ಮೀನು ಉಜ್ಜುತ್ತಿದ್ದರು. ತೋನ್ಯಾ ಮತ್ತೆ ದಪ್ಪ ತುಂಡುಗಳನ್ನು ಬೇರೆ ಇಟ್ಟಳು. ಗ್ಲಾಫಿರಾ ಅದನ್ನು ನೋಡಿ, "ಅವನು ನನ್ನ ತಮ್ಮ ಕಣೇ," ಎಂದಳು.

ಎಲ್ಲ ಹೇಳಲು ಕಾಲು ಗಂಟೆ ಸಾಕಾಯಿತು. ತೋನ್ಯಾಳ ಕೈಯಲ್ಲಿ ಮೀನು ಹಾಗೇ ಇತ್ತು.

"ಇಪ್ಪತ್ಮೂರು ವರ್ಷ," ಎಂದಳು ತೋನ್ಯಾ. "ಇಪ್ಪತ್ಮೂರು ವರ್ಷ ನಿನ್ನ ಮುಖ ನೋಡೋಕಾಗ್ದೆ ಬದುಕಿದ್ದೀನಿ. ಮಗು ಹುಟ್ಟಿದಾಗ ಇದು ಇನ್ನೊಬ್ಬಳಿಗೆ ಆಗ್ಬೇಕಿತ್ತು ಅಂತ ಅತ್ತಿದ್ದೀನಿ. ಆ ಸಭೇಲಿ ಸತ್ತೇಹೋಗ್ಬೇಕು ಅನ್ನಿಸಿತ್ತು. ನೀವಿಬ್ರೂ ಅಕ್ಕ ತಮ್ಮ."

"ನಿಂಗೆ ಗೊತ್ತಿದ್ರೆ ಕಷ್ಟ ಆಗ್ತಿತ್ತು."

"ಇದು ಕಷ್ಟ ಅಲ್ವಾ? ನಾನು ಹಿಡಿದುಕೊಡ್ತಿದ್ದೆ ಅಂದ್ಕೊಂಡ್ಯಾ?"

ಗ್ಲಾಫಿರಾ ಯೋಚಿಸಿದಳು. ಸುಳ್ಳು ಹೇಳಬಹುದಿತ್ತು, ಅದರಲ್ಲಿ ಅವಳಿಗೆ ಅಭ್ಯಾಸವಿತ್ತು. "ಹೌದು," ಎಂದಳು. "ಆಗ ನಿಂಗೆ ಇಪ್ಪತ್ನಾಲ್ಕು. ಹಿಡಿದುಕೊಟ್ಟು ಆಮೇಲೆ ಅಳ್ತಿದ್ದೆ."

ತೋನ್ಯಾ ಮೂರು ದಿನ ಮಾತು ಬಿಟ್ಟಳು. ನಾಲ್ಕನೆಯ ದಿನ ಬೆಳಿಗ್ಗೆ ಬ್ರೆಡ್ಡು ಕೊಯ್ಯುತ್ತ, "ಬಹುಶಃ ಹಿಡಿದುಕೊಡ್ತಿದ್ದೆ," ಎಂದಳು. ಆಮೇಲೆ ಅವನ ನಿಜವಾದ ಹೆಸರು ಕೇಳಿದಳು, ಹುಟ್ಟಿದ ದಿನ ಕೇಳಿದಳು, ಚಿಕ್ಕವನಿದ್ದಾಗ ಏನು ತಿನ್ನುತ್ತಿದ್ದ ಎಂದು ಕೇಳಿದಳು. ಬದುಕಿದ್ದಿದ್ದರೆ ಅವನಿಗೆ ಐವತ್ತೆರಡು ತುಂಬಲು ಇನ್ನೂ ಎರಡು ತಿಂಗಳಿತ್ತು ಎಂದು ಇಬ್ಬರೂ ಲೆಕ್ಕ ಹಾಕಿದರು. ಸಂಜೆ ತೋನ್ಯಾ ಮಗಳನ್ನು ಕರೆದು, ಇನ್ನು ಮೇಲೆ ದೊಡ್ಡಮ್ಮ ಅಲ್ಲ, ಅತ್ತೆ ಅನ್ನು ಎಂದಳು. ಅಲ್ಲಿಯ ಭಾಷೆಯಲ್ಲಿ ಎರಡಕ್ಕೂ ಇರುವುದು ಒಂದೇ ಪದ. ಹಾಗಾಗಿ ಅಡುಗೆಮನೆಯವರಿಗೆ ಯಾರಿಗೂ ಏನೂ ಗೊತ್ತಾಗಲಿಲ್ಲ.

ಗ್ಲಾಫಿರಾ ಇನ್ನೂ ಒಂಬತ್ತು ವರ್ಷ ಇದ್ದಳು. ಮೀನು ಹಂಚುವಾಗ ಇಬ್ಬರಿಗೂ ಜಗಳವಾಗುತ್ತಿತ್ತು, ದಪ್ಪ ತುಂಡು ಯಾರಿಗೆ ಎಂದು. ಹೆಚ್ಚಾಗಿ ತೋನ್ಯಾಳೇ ಗೆಲ್ಲುತ್ತಿದ್ದಳು, ಮತ್ತು ತಾನೇ ತಿನ್ನುತ್ತಿದ್ದಳು.